ಇಕ್ಕೇರಿಯ ಸಂಕೋಲೆ, ಆನಂದಪುರದ ಕೋಟೆ

ಅರಸೊತ್ತಿಗೆಯ ವೈಭವವನ್ನೂ ಅದೇ ನೆಲದಲ್ಲಿ ನಡೆದ ಸಾಮೂಹಿಕ ಹತ್ಯೆಯ ನೆನಪನ್ನೂ ಒಂದೇ ಹಗಲಿನಲ್ಲಿ, ಒಬ್ಬನೇ ಮಾರ್ಗದರ್ಶಿಯ ಮಾತಿನಲ್ಲಿ ಪ್ರವಾಸಿಗರ ಮುಂದಿಡುವ ಪದ್ಧತಿ ಈಚಿನ ದಶಕಗಳಲ್ಲಿ ಜಗತ್ತಿನ ಹಲವು ನಗರಗಳಲ್ಲಿ ರೂಢಿಗೆ ಬಂದಿದೆ. ಕಾಂಬೋಡಿಯದ ರಾಜಧಾನಿ ಫ್ನೋಮ್ ಪೆನ್ ಇದಕ್ಕೆ ಎದ್ದು ಕಾಣುವ ನಿದರ್ಶನ. 19ನೆಯ ಶತಮಾನದಲ್ಲಿ ಕಟ್ಟಿದ ಅಲ್ಲಿನ ಅರಮನೆಯನ್ನು ಬೆಳಿಗ್ಗೆ ನೋಡಿದವರು ಮಧ್ಯಾಹ್ನ ತೂಲ್ ಸ್ಲೆಂಗ್ ಎಂಬ ಹಳೆಯ ಪ್ರೌಢಶಾಲೆಗೆ ಬರುತ್ತಾರೆ; 1975ರಿಂದ 1979ರವರೆಗೆ ಆಳಿದ ಖ್ಮೇರ್ ರೂಜ್ ಆಡಳಿತ ಅದನ್ನು ಸೆರೆಮನೆಯಾಗಿ ಮಾರ್ಪಡಿಸಿ ಸಾವಿರಾರು ಜನರನ್ನು ಚಿತ್ರಹಿಂಸೆಗೆ ಗುರಿಮಾಡಿತ್ತು, ಅವರಲ್ಲಿ ಬಹುತೇಕರನ್ನು ನಗರದ ಹೊರವಲಯದ ಚೋಯುಂಗ್ ಏಕ್ ಬಯಲಿನಲ್ಲಿ ಕೊಂದಿತ್ತು. ಸೆರೆಯಾಳುಗಳನ್ನು ಒಳಗೆ ತಂದಾಗ ತೆಗೆದ ಭಾವಚಿತ್ರಗಳನ್ನು ಆ ಶಾಲಾ ಕೊಠಡಿಗಳ ಗೋಡೆಗಳ ಮೇಲೆ ಇಂದಿಗೂ ಸಾಲಾಗಿ ಕಾಣಬಹುದು. ಈ ಬಗೆಯ ಪ್ರವಾಸವನ್ನು ವಿದ್ವಾಂಸರು ಡಾರ್ಕ್ ಟೂರಿಸಂ ಎಂದು ಕರೆಯುತ್ತಾರಾದರೂ, ನಮ್ಮಲ್ಲಿ ಸತ್ತವರ ಮನೆಗೆ ಹೋಗಿ ಒಂದಿಷ್ಟು ಹೊತ್ತು ಸುಮ್ಮನೆ ಕುಳಿತು ಬರುವ ರೂಢಿಗೆ ಅದು ಹೆಚ್ಚು ಹತ್ತಿರವಾದದ್ದು.

ಸಾಗರ, ಹೊಸನಗರ, ತೀರ್ಥಹಳ್ಳಿ ತಾಲ್ಲೂಕುಗಳಲ್ಲಿ ಹರಡಿರುವ ಕೆಳದಿ ನಾಯಕರ ಸೀಮೆಯನ್ನು ಇದೇ ಕಣ್ಣಿನಿಂದ ನೋಡಲು ಸಾಧ್ಯವಿದೆ, ನೋಡಬೇಕಾಗಿಯೂ ಇದೆ. ಆದರೆ ಮೊದಲು ಪದಗಳ ವಿಷಯದಲ್ಲಿ ಎಚ್ಚರ ಬೇಕು. ಜನಾಂಗಹತ್ಯೆ ಎಂಬುದು 1944ರಲ್ಲಿ ರಾಫೆಲ್ ಲೆಮ್ಕಿನ್ ಎಂಬ ಕಾನೂನು ಪಂಡಿತ ರೂಪಿಸಿದ, 1948ರ ಡಿಸೆಂಬರ್ 9ರಂದು ವಿಶ್ವಸಂಸ್ಥೆ ಒಪ್ಪಿದ ಪರಿಕಲ್ಪನೆ. ಒಂದು ಜನಾಂಗ, ರಾಷ್ಟ್ರೀಯತೆ ಅಥವಾ ಮತಕ್ಕೆ ಸೇರಿದವರನ್ನು ಆ ಕಾರಣಕ್ಕಾಗಿಯೇ ಪೂರ್ತಿಯಾಗಿಯೋ ಭಾಗಶಃವೋ ನಾಶಮಾಡುವ ಉದ್ದೇಶ ಅದರ ತಿರುಳು. ಯುದ್ಧದ ನಡುವೆ ಶರಣಾದವರನ್ನು, ಆಯುಧವಿಲ್ಲದವರನ್ನು ಗುಂಪಾಗಿ ಕೊಲ್ಲುವುದು ಹತ್ಯಾಕಾಂಡ. ಮಲೆನಾಡಿನ ಈ ಮೂರು ತಾಲ್ಲೂಕುಗಳಲ್ಲಿ 18ನೆಯ ಶತಮಾನದಲ್ಲಿ ನಡೆದದ್ದು ಎರಡನೆಯ ಬಗೆಯದು. ಎರಡನ್ನೂ ಒಂದೇ ಹೆಸರಿನಿಂದ ಕರೆದರೆ ಎರಡೂ ಕಡೆಯ ಸತ್ತವರಿಗೆ ಅನ್ಯಾಯ ಮಾಡಿದಂತಾಗುತ್ತದೆ.

ಮಾರ್ಗ ಕೆಳದಿಯಿಂದ ತೊಡಗುವುದು ಸಹಜ. 1500ರ ಆಸುಪಾಸಿನಲ್ಲಿ ಚೌಡಪ್ಪ ನಾಯಕನಿಂದ ಮೊದಲಾದ ಮನೆತನ ವಿಜಯನಗರದ ಮಾಂಡಲಿಕತನದಿಂದ ಬೆಳೆದು, ಘಟ್ಟದ ಮೇಲಿನ ಮಲೆನಾಡನ್ನೂ ಕೆಳಗಿನ ಕರಾವಳಿಯನ್ನೂ ಒಟ್ಟಿಗೆ ಆಳಿದ ರಾಜ್ಯವಾಯಿತು. ಇಲ್ಲಿನ ರಾಮೇಶ್ವರ ಮತ್ತು ವೀರಭದ್ರ ಗುಡಿಗಳು, ಇತಿಹಾಸಕಾರ ಕೆಳದಿ ಗುಂಡಾ ಜೋಯಿಸರು ಕಟ್ಟಿ ಬೆಳೆಸಿದ ವಸ್ತುಸಂಗ್ರಹಾಲಯದಲ್ಲಿರುವ ತಾಳೆಗರಿಗಳು ಈ ಮನೆತನದ ವಿದ್ಯಾಪ್ರೀತಿಗೆ ಸಾಕ್ಷಿ. ಈ ಮನೆತನದ ಬಸವಪ್ಪ ನಾಯಕ ಸಂಸ್ಕೃತದಲ್ಲಿ ಶಿವತತ್ತ್ವರತ್ನಾಕರವೆಂಬ ವಿಶ್ವಕೋಶದಂಥ ಗ್ರಂಥವನ್ನು ರಚಿಸಿದ. ಔರಂಗಜೇಬನ ಸೇನೆ ಬೆನ್ನಟ್ಟಿದ್ದ ಶಿವಾಜಿಯ ಮಗ ರಾಜಾರಾಮನಿಗೆ ಆಶ್ರಯ ಕೊಟ್ಟ ಚೆನ್ನಮ್ಮನ ಹೆಸರನ್ನಂತೂ ಹೇಳದೆ ಯಾವ ಮಾರ್ಗದರ್ಶಿಯೂ ಇಲ್ಲಿಂದ ಮುಂದೆ ಹೋಗುವುದಿಲ್ಲ.

ಇಕ್ಕೇರಿಯಲ್ಲಿ ಹೆಚ್ಚು ಹೊತ್ತು ನಿಲ್ಲಬೇಕು. ಅಘೋರೇಶ್ವರ ದೇವಾಲಯಕ್ಕೆ ಬಂದವರ ಕಣ್ಣು ಸಾಮಾನ್ಯವಾಗಿ ಎದುರಿನ ದೊಡ್ಡ ನಂದಿಯ ಮೇಲೆ, ಬಳಿಕ ಒಳಗಿನ ಕಂಬಗಳ ಮೇಲೆ ಬೀಳುತ್ತದೆ. ಈ ಕಂಬಗಳಿಗೂ ಅಡಿಕೆ ತೋಟಗಳಿಗೂ ಇರುವ ನಂಟು ಬೆರಗು ಹುಟ್ಟಿಸುವಂಥದ್ದು. ಬಿ.ಎಲ್. ರೈಸ್ ತಮ್ಮ ಗೆಜೆಟಿಯರಿನಲ್ಲಿ ದಾಖಲಿಸಿರುವಂತೆ, ನಡುವಣ ಕಂಬಗಳ ಅಂತರವನ್ನೇ ತೋಟದ ಭೂಮಿಗೆ ಅಳತೆಗೋಲಾಗಿ ಇಟ್ಟುಕೊಳ್ಳಲಾಗಿತ್ತು; 18 ಅಡಿ 6 ಅಂಗುಲದ ಆ ಅಳತೆಗೆ ದಾಯವೆಂದು ಹೆಸರು, ಅದು ಒಂದು ಮರಕ್ಕೆ ಬಿಡುವ ಜಾಗ. 1645ರಿಂದ 1660ರವರೆಗೆ ಆಳಿದ ಶಿವಪ್ಪ ನಾಯಕನ ಶಿಸ್ತು, ಎಂದರೆ ಭೂಮಿಯ ಗುಣವನ್ನೂ ಇಳುವರಿಯನ್ನೂ ನೋಡಿ ಕಂದಾಯ ಗೊತ್ತುಮಾಡಿದ ವ್ಯವಸ್ಥೆ, ಇಂದಿಗೂ ಮಲೆನಾಡಿನ ರೈತರ ಬಾಯಲ್ಲಿ ಉಳಿದಿರುವುದಕ್ಕೆ ಇಂಥ ಲೆಕ್ಕಾಚಾರವೇ ಕಾರಣ.

ಆದರೆ ಇಕ್ಕೇರಿಯ ನಿಜವಾದ ಪಾಠ ಕಾಲಡಿಯಲ್ಲಿದೆ. ಗರ್ಭಗುಡಿಯ ಮುಂದಿನ ನೆಲದ ಮೇಲೆ ಮೂವರು ನಾಯಕರು ಅಡ್ಡಬಿದ್ದಿರುವ ರೇಖಾರೂಪಗಳನ್ನು ಕೊರೆದು, ಒಬ್ಬೊಬ್ಬರ ಮೇಲೂ ಹೆಸರು ಬರೆದಿದ್ದಾರೆ. ಅವರಲ್ಲಿ ಒಬ್ಬನ ಹೆಸರಿನ ಹಿಂದೆ ಹುಚ್ಚ ಎಂಬ ವಿಶೇಷಣವಿದೆಯೆಂದೂ ಅವನ ಕೈಕಾಲುಗಳಿಗೆ ಸಂಕೋಲೆಯನ್ನು ಚಿತ್ರಿಸಲಾಗಿದೆಯೆಂದೂ ರೈಸ್ ಗುರುತಿಸುತ್ತಾರೆ. ದೇವರ ಎದುರು ತಮ್ಮ ಮನೆತನದವನನ್ನೇ ಸಂಕೋಲೆಯ ಸಮೇತ ಕಲ್ಲಿನಲ್ಲಿ ಉಳಿಸಿದ ಈ ಜನ, ಅರಸೊತ್ತಿಗೆಯ ನೋವನ್ನು ಮುಚ್ಚಿಡಬೇಕೆಂದು ಬಗೆದವರಲ್ಲ. ಈ ಸೀಮೆಯ ಕಥೆ ಹೇಳುವವರಿಗೆ ಅದಕ್ಕಿಂತ ದೊಡ್ಡ ಅಪ್ಪಣೆ ಬೇಕಿಲ್ಲ. 1637–38ರ ಬಿಜಾಪುರದ ದಾಳಿಯಲ್ಲಿ ಇಕ್ಕೇರಿ ಸೂರೆಯಾಯಿತು, ರಾಜಧಾನಿ ಇನ್ನೂ ದಟ್ಟ ಕಾಡಿನ ಬಿದನೂರಿಗೆ ಸರಿಯಿತು.

ಸಾಗರದಿಂದ ಶಿವಮೊಗ್ಗದ ಕಡೆಗೆ ಹೋಗುವ ಹೆದ್ದಾರಿಯಲ್ಲಿ ಆನಂದಪುರ ಸಿಗುತ್ತದೆ. ಇಂದು ಇಲ್ಲಿಗೆ ಬರುವವರಲ್ಲಿ ಹೆಚ್ಚಿನವರು ಹತ್ತಿರದ ಮಲಂದೂರಿನ ಚಂಪಕ ಸರಸ್ಸನ್ನು ನೋಡಲು ಬರುತ್ತಾರೆ. ಮೆಟ್ಟಿಲುಗಳ ಆ ಕೊಳವನ್ನೂ ನಡುವಿನ ಪುಟ್ಟ ಗುಡಿಯನ್ನೂ ಜನ ವೆಂಕಟಪ್ಪ ನಾಯಕ ಮತ್ತು ಚಂಪಕ ಎಂಬ ಹೆಣ್ಣುಮಗಳ ಒಲವಿನ ಕಥೆಯೊಂದಿಗೆ ಜೋಡಿಸಿ ಹೇಳುತ್ತಾರೆ. ಕಥೆ ಚೆಂದವಾಗಿದೆ, ಕೊಳವೂ ಚೆಂದವಾಗಿದೆ. ಆದರೆ ಅದೇ ಊರಿನ ಕೋಟೆಯಲ್ಲಿ 1783ರ ಫೆಬ್ರವರಿಯಲ್ಲಿ ನಡೆದದ್ದನ್ನು ಹೇಳದೆ ಪ್ರವಾಸಿಗರನ್ನು ಬಸ್ಸು ಹತ್ತಿಸುವುದು ಸರಿಯಲ್ಲ.

1763ರಲ್ಲಿ ನಾಯಕರಿಂದ ಬಿದನೂರನ್ನು ಗೆದ್ದಿದ್ದ ಮೈಸೂರಿನ ಹೈದರ್ ಅಲಿ 1782ರ ಡಿಸೆಂಬರಿನಲ್ಲಿ ತೀರಿಕೊಂಡ ಬೆನ್ನಿಗೆ ಈಸ್ಟ್ ಇಂಡಿಯಾ ಕಂಪನಿಯ ಮುಂಬಯಿ ಸೇನೆ ಜನರಲ್ ರಿಚರ್ಡ್ ಮ್ಯಾಥ್ಯೂಸನ ಕೈಕೆಳಗೆ ಕರಾವಳಿಯಲ್ಲಿ ಇಳಿಯಿತು. ಹೊನ್ನಾವರವನ್ನು ಹಿಡಿದ ಆ ಸೇನೆ ಘಟ್ಟ ಹತ್ತಿ ಬಂತು. ಹೈದರನ ಮಗ ಟಿಪ್ಪುವಿಗೆ ಹೆದರಿದ್ದ ಅಲ್ಲಿನ ಅಧಿಕಾರಿ ಅಯಾಜ್ ಖಾನ್ ಬಿದನೂರನ್ನು ಜನವರಿಯ ಕೊನೆಯಲ್ಲಿ ಹೆಚ್ಚಿನ ಕಾಳಗವಿಲ್ಲದೆ ಒಪ್ಪಿಸಿದ. ಇಂಗ್ಲಿಷ್ ದಾಖಲೆಗಳು ಅನಂತಪುರವೆಂದು ಬರೆಯುವ ಆನಂದಪುರದ ಕೋಟೆ ಮಾತ್ರ ತಡೆದು ನಿಂತಿತು. ಸಂಧಾನದ ಬಾವುಟ ಹಿಡಿದು ಹೋದವರ ಮೇಲೆ ಒಳಗಿನವರು ಗುಂಡು ಹಾರಿಸಿದರೆಂಬುದು ಕಂಪನಿಯ ಕಡೆಯವರ ವಾದ. ಕೋಟೆಗೆ ಲಗ್ಗೆ ಹಾಕಿದ ಮೇಲೆ ಆಯುಧ ಹಿಡಿದು ಸಿಕ್ಕವರಾರಿಗೂ ಜೀವದಾನವಿಲ್ಲವೆಂಬ ಆಜ್ಞೆಯಾಯಿತು, ಒಳಗಿದ್ದವರನ್ನು ಕತ್ತಿಗೆ ಕೊಟ್ಟರು. ಸೇನೆಯಲ್ಲಿದ್ದ ಕಿರಿಯ ಅಧಿಕಾರಿಗಳ ಹೆಸರಿನಲ್ಲಿ ಪ್ರಕಟವಾದ ಬರಹಗಳು ಇನ್ನೂ ಮುಂದೆ ಹೋಗಿ, ಕೋಟೆಯೊಳಗಿನ ನಾನೂರು ಹೆಂಗಸರು ಬಯೊನೆಟ್ಟಿನ ಇರಿತಕ್ಕೆ ಬಲಿಯಾದರೆಂದೂ ಕೆಲವರು ಮಾನಕ್ಕಂಜಿ ಕೆರೆಗೆ ಹಾರಿದರೆಂದೂ ಹೇಳಿದವು. ಇಂಗ್ಲೆಂಡಿನಲ್ಲಿ ಇದು ದೊಡ್ಡ ಗದ್ದಲವಾಯಿತು. ಕೆಲವು ವರ್ಷಗಳ ಬಳಿಕ ಅದೇ ಮುಂಬಯಿ ಸೇನೆಯ ಅಧಿಕಾರಿಗಳು ಹೆಂಗಸರ ಹತ್ಯೆಯ ಮಾತನ್ನು ಬಹಿರಂಗವಾಗಿ ಅಲ್ಲಗಳೆದರು.

ಮಾರ್ಗದರ್ಶಿಯ ಕಸುಬಿನ ಕಷ್ಟ ಇಲ್ಲಿ ತೋರುತ್ತದೆ. ನಾನೂರು ಎಂಬ ಸಂಖ್ಯೆಯನ್ನು ಕಲ್ಲಿನ ಶಾಸನವೆಂಬಂತೆ ಹೇಳಬಾರದು. ಅಲ್ಲಗಳೆದವರೂ ಸ್ವಂತ ಸೇನೆಯ ಮಾನ ಕಾಯುತ್ತಿದ್ದವರೆಂಬುದನ್ನು ಮರೆಯಬಾರದು. ಎರಡೂ ಕಡೆಯ ಬರಹಗಳು ಇಂಗ್ಲಿಷರವೇ; ಸತ್ತವರ ಕಡೆಯಿಂದ ಒಂದು ಕನ್ನಡದ ಸಾಲೂ ಈ ವಾದದಲ್ಲಿ ಸೇರಿಲ್ಲ. ಕಾವಲಿನ ಪಡೆಯನ್ನು ಕೊಂದದ್ದರ ಬಗ್ಗೆ ಮಾತ್ರ ತಕರಾರಿಲ್ಲ, ಅದಿಷ್ಟೇ ಆನಂದಪುರದ ಹೆಸರು ನೆನಪಿನಲ್ಲಿ ಉಳಿಯಲು ಸಾಕು.

ರಿಪ್ಪನ್‌ಪೇಟೆ, ಹೊಸನಗರಗಳನ್ನು ದಾಟಿ ಬಿದನೂರಿಗೆ, ಎಂದರೆ ಇಂದಿನ ನಗರಕ್ಕೆ ಬಂದಾಗ ಹೆಸರೇ ಮನಸ್ಸನ್ನು ಕದಡುತ್ತದೆ. ಲಕ್ಷಕ್ಕೆ ಒಂದು ಕಡಿಮೆ ಮನೆಗಳಿದ್ದ ಪಟ್ಟಣವೆಂದು ಜನ ಹೇಳಿಕೊಂಡು ಬಂದ ಊರು ಇಂದು ಕಾಡಿನ ನಡುವಿನ ಸಣ್ಣ ಹಳ್ಳಿ. ಕೋಟೆಯ ಕಂದಕ, ಕೊತ್ತಲಗಳು, ಒಳಗಿನ ಅಕ್ಕ-ತಂಗಿ ಕೊಳ, ಸಮೀಪದ ದೇವಗಂಗೆಯಲ್ಲಿ ಬೇರೆ ಬೇರೆ ಆಕಾರಗಳಲ್ಲಿ ಕಟ್ಟಿದ ಏಳು ಕೊಳಗಳು, ಕೊಪ್ಪಲು ಮಠದಲ್ಲಿರುವ ನಾಯಕ ಮನೆತನದ ಗದ್ದುಗೆಗಳು ಎಲ್ಲವೂ ನೋಡತಕ್ಕವು. 1763ರಲ್ಲಿ ಹೈದರನ ಸೇನೆ ಬಂದಾಗ ಊರಿನವರು ಕಾಡಿಗೆ ಓಡಿದರು, ರಾಣಿ ವೀರಮ್ಮಾಜಿ ಬಲ್ಲಾಳರಾಯನ ದುರ್ಗಕ್ಕೆ ಹೋಗಿ ಅಲ್ಲಿ ಸೆರೆಸಿಕ್ಕು ಮಧುಗಿರಿಯಲ್ಲಿ ಬಂಧಿಯಾದಳು. ಸಿಕ್ಕ ಸಂಪತ್ತಿನ ಬೆಲೆ 1 ಕೋಟಿ 20 ಲಕ್ಷ ಪೌಂಡ್ ಎಂದು ಮಾರ್ಕ್ ವಿಲ್ಕ್ಸ್ ತನ್ನ ಮೈಸೂರು ಇತಿಹಾಸದಲ್ಲಿ ಅಂದಾಜಿಸುತ್ತಾನೆ. ಆ ಅಂಕಿ ಹಿಗ್ಗಿಸಿದ್ದಿರಬಹುದು, ಎಲ್ಲ ಪುಸ್ತಕಗಳೂ ಅದನ್ನೇ ಮತ್ತೆ ಮತ್ತೆ ಹೇಳುತ್ತವೆ. ಅದೇ ವಿಲ್ಕ್ಸ್ ಬರೆದ ಇನ್ನೊಂದು ಸಂಗತಿಯನ್ನು ಎತ್ತುವವರು ಕಡಿಮೆ: ತನ್ನನ್ನು ಕೊಲ್ಲುವ ಒಳಸಂಚು ನಡೆದಿದೆಯೆಂದು ತಿಳಿದ ಹೈದರ್, ಮುನ್ನೂರಕ್ಕೂ ಹೆಚ್ಚು ಜನರನ್ನು ಒಂದೇ ದಿನ ಊರಿನ ಹಾದಿಗಳಲ್ಲಿ ಗಲ್ಲಿಗೇರಿಸಿದ.

ಇಪ್ಪತ್ತು ವರ್ಷಗಳ ನಂತರ ಟಿಪ್ಪು ಇದೇ ಕೋಟೆಯನ್ನು ಮುತ್ತಿ 1783ರ ಏಪ್ರಿಲ್ ಕೊನೆಯಲ್ಲಿ ಮ್ಯಾಥ್ಯೂಸನನ್ನು ಶರಣಾಗಿಸಿದ. ಶರಣಾಗತಿಯ ಷರತ್ತು ಮುರಿದರೆಂಬ ಆಪಾದನೆಯ ಮೇಲೆ ಸೆರೆಯಾಳುಗಳು ಸಂಕೋಲೆ ಹೊತ್ತು ನಡೆದರು. ಮ್ಯಾಥ್ಯೂಸ್ ಶ್ರೀರಂಗಪಟ್ಟಣದ ಸೆರೆಯಲ್ಲೇ ಸತ್ತ. 1784ರಲ್ಲಿ, ಹಿಂದೆ ನಾಯಕರ ಆಳ್ವಿಕೆಯಲ್ಲಿದ್ದ ಕರಾವಳಿಯ ಕ್ರೈಸ್ತರನ್ನು ಕಂಪನಿಗೆ ನೆರವಾದರೆಂದು ಕುಟುಂಬಸಮೇತ ಹಿಡಿದು ಘಟ್ಟ ಹತ್ತಿಸಿ ಶ್ರೀರಂಗಪಟ್ಟಣಕ್ಕೆ ನಡೆಸಲಾಯಿತು. ಅವರ ಸಂಖ್ಯೆಯ ಅಂದಾಜು 30,000ದಿಂದ 80,000ದವರೆಗೆ ಹರಡಿದೆ, ದಾರಿಯಲ್ಲೂ ಸೆರೆಯಲ್ಲೂ ತೀರಿಕೊಂಡವರು ಬಹಳ. ಒಂದು ಮತದವರನ್ನು ಇಡಿಯಾಗಿ ಗುರಿಮಾಡಿದ ಕಾರಣ, ಲೆಮ್ಕಿನ್ ಹೇಳಿದ ಅರ್ಥಕ್ಕೆ ಈ ಸುತ್ತಿನ ಘಟನೆಗಳಲ್ಲಿ ಹೆಚ್ಚು ಸಮೀಪ ಬರುವುದು ಇದೇ. 1791ರಲ್ಲಿ ಪರಶುರಾಮ ಭಾವುವಿನ ಮರಾಠಾ ಸೇನೆಯೊಂದಿಗಿದ್ದ ಪಿಂಡಾರಿಗಳು ತೀರ್ಥಹಳ್ಳಿಯ ನೆರೆಯ ಶೃಂಗೇರಿ ಮಠವನ್ನು ಸೂರೆಮಾಡಿ ಜನರನ್ನು ಕೊಂದಾಗ, ಮಠದ ನೆರವಿಗೆ ಹಣ ಮತ್ತು ಸಾಮಗ್ರಿ ಕೊಡುವಂತೆ ಇದೇ ನಗರದ ಅಧಿಕಾರಿಗೆ ಆಜ್ಞೆ ಕಳಿಸಿದವನು ಕೂಡ ಟಿಪ್ಪುವೇ, 1916ರಲ್ಲಿ ಆರ್. ನರಸಿಂಹಾಚಾರ್ಯರು ಬೆಳಕಿಗೆ ತಂದ ಮಠದ ಪತ್ರಗಳು ಅದನ್ನು ತಿಳಿಸುತ್ತವೆ. ಈ ಎರಡರಲ್ಲಿ ಒಂದನ್ನು ಮಾತ್ರ ಆರಿಸಿಕೊಂಡು ಹೇಳುವವನು ಇತಿಹಾಸವನ್ನು ಹೇಳುತ್ತಿಲ್ಲ, ಇಂದಿನ ಜಗಳಕ್ಕೆ ಸೌದೆ ಒಟ್ಟುತ್ತಿದ್ದಾನೆ. ಬಿಜಾಪುರ, ಮೈಸೂರು, ಕಂಪನಿ, ಮರಾಠರು ಹೀಗೆ ಬಂದ ಸೇನೆಗಳ ಬಾವುಟ ಬದಲಾಯಿತು. ಪ್ರತಿ ಸಲವೂ ಕಾಡಿಗೆ ಓಡಿದವರು ಗದ್ದೆ ತೋಟಗಳ ಅದೇ ಜನ.

ನಗರದಿಂದ ತೀರ್ಥಹಳ್ಳಿಯ ದಾರಿಯಲ್ಲಿ ಒಳಗೆ ತಿರುಗಿದರೆ ನಾಯಕರ ಬೆಟ್ಟದ ಕೋಟೆ ಕವಲೇದುರ್ಗ. ಇಲ್ಲಿ ಒಂದು ತಪ್ಪನ್ನು ತಿದ್ದಬೇಕು: ಇಂಗ್ಲಿಷ್ ಸೆರೆಯಾಳುಗಳ ದಾರುಣ ಸಾವಿನ ಕಥೆಗಳಲ್ಲಿ ಬರುವ ಕಬ್ಬಾಳದುರ್ಗ ಕನಕಪುರದ ಬಳಿಯ ಬೆಟ್ಟ, ಇದಲ್ಲ, ಹೆಸರಿನ ಹೋಲಿಕೆಯಿಂದ ಒಂದರ ಸಾವುಗಳನ್ನು ಇನ್ನೊಂದರ ಲೆಕ್ಕಕ್ಕೆ ಬರೆಯಬಾರದು. ಮೂರು ಸುತ್ತಿನ ಕೋಟೆಯ ಬಾಗಿಲುಗಳನ್ನು ಒಂದೊಂದಾಗಿ ದಾಟಿ, ಹಾಸುಗಲ್ಲಿನ ಹಾದಿಯಲ್ಲಿ ಏರಿದರೆ ಕಾಶಿ ವಿಶ್ವನಾಥನ ಗುಡಿ, ಅದರ ಆಚೆ ಅರಮನೆಯ ಅಡಿಪಾಯ. ಮಾಡು ಇಲ್ಲ, ಗೋಡೆಗಳಿಲ್ಲ, ಕಂಬ ನಿಲ್ಲಿಸಿದ್ದ ಜಗಲಿಗಳಿವೆ. ಅಡುಗೆಮನೆಯಿದ್ದ ಕಡೆ ಐದು ಪಾತ್ರೆಗಳನ್ನು ಒಟ್ಟಿಗೆ ಇಡಬಹುದಾದ ಕಲ್ಲಿನ ಒಲೆ ಹಾಗೇ ಇದೆ, ಬಚ್ಚಲಿನಿಂದ ನೀರು ಹರಿದುಹೋಗಲು ಮಾಡಿದ ಕಲ್ಲಿನ ಕಾಲುವೆಯೂ ಇದೆ. ಬಂದವರೆಲ್ಲ ಆ ಒಲೆಯ ಮುಂದೆ ಬಗ್ಗಿ ನೋಡುತ್ತಾರೆ. ಅದಕ್ಕೆ ಉರಿ ಒಟ್ಟಿದವರ, ಅನ್ನ ಬಸಿದವರ ಹೆಸರನ್ನು ಯಾವ ಶಾಸನವೂ ಯಾವ ಕೈಫಿಯತ್ತೂ ಬರೆದಿಟ್ಟಿಲ್ಲ.