ಬಂಕಿನಲ್ಲಿ ಹೈಡ್ರೋಜನ್ ಯಾವಾಗ?

ಪ್ರಶ್ನೆ: ನಮ್ಮ ನೀಲಗುಂದದ ಕಡೆಯ ಪೆಟ್ರೋಲ್ ಬಂಕುಗಳಲ್ಲಿ ಹೈಡ್ರೋಜನ್ ಯಾವಾಗ ಸಿಗುತ್ತದೆ?

ಉತ್ತರ: ಸದ್ಯಕ್ಕಂತೂ ಇಲ್ಲ. ಹಾಗಂತ ಹೈಡ್ರೋಜನ್ ತೀರಾ ದೂರವೂ ಇಲ್ಲ. ನೆರೆಯ ಬಳ್ಳಾರಿ ಜಿಲ್ಲೆಯ ತೋರಣಗಲ್ಲಿನಲ್ಲಿ, ಜಿಂದಾಲ್ ಉಕ್ಕಿನ ಕಾರ್ಖಾನೆಯ ಬಳಿ, ವಿದ್ಯುತ್ತಿನಿಂದ ನೀರು ಒಡೆದು ಹೈಡ್ರೋಜನ್ ತೆಗೆಯುವ ಘಟಕ 2025ರಲ್ಲಿ ಶುರುವಾಯಿತು. ಆದರೆ ಅದು ಉಕ್ಕು ಮಾಡಲಿಕ್ಕೆ, ಗಾಡಿ ಓಡಿಸಲಿಕ್ಕಲ್ಲ.

ತೊಡಕಿರುವುದು ತುಂಬಿಸುವುದರಲ್ಲಿ. ಪೆಟ್ರೋಲಿಗೆ ನೆಲದಡಿ ಒಂದು ಟ್ಯಾಂಕು, ಮೇಲೆ ಒಂದು ಪಂಪು ಸಾಕು. ಒಂದು ಕಿಲೋ ಹೈಡ್ರೋಜನ್‌ಗೆ ಮಾಮೂಲಿ ಒತ್ತಡದಲ್ಲಿ ಸುಮಾರು 12 ಸಾವಿರ ಲೀಟರ್ ಜಾಗ ಬೇಕು, ಅಂದರೆ ಒಂದು ದೊಡ್ಡ ನೀರಿನ ಟ್ಯಾಂಕರ್! ಅದನ್ನು ಬಸ್ಸಿಗೆ 350 ಬಾರ್, ಕಾರಿಗೆ 700 ಬಾರ್ ಒತ್ತಡಕ್ಕೆ ಅದುಮಬೇಕು. ಸಿಎನ್‌ಜಿಗೆ 200 ಸಾಕು. ಬೇಗ ತುಂಬಿದರೆ ಗಾಡಿಯ ಸಿಲಿಂಡರ್ ಕಾಯುತ್ತದೆ. ಹಾಗಾಗಿ ಕಾರಿಗೆ ಅನಿಲವನ್ನು ಮೈನಸ್ 40 ಡಿಗ್ರಿಯ ಆಸುಪಾಸಿಗೆ ತಣ್ಣಗಾಗಿಸಿಯೇ ಬಿಡುತ್ತಾರೆ. ಸೋರಿ ಹೊತ್ತಿಕೊಂಡರೆ ಉರಿ ಹಗಲಲ್ಲಿ ಕಣ್ಣಿಗೇ ಬೀಳದು. ಅದಕ್ಕೆಂದೇ ಸಂವೇದಕಗಳು ಬೇಕು. ಕಿಲೋ ಹೈಡ್ರೋಜನ್ ತೆಗೆಯಲು 50 ಯೂನಿಟ್‌ಗೂ ಹೆಚ್ಚು ಕರೆಂಟು ಬೇರೆ.

ಕೇಂದ್ರ ಸರ್ಕಾರ 2025ರ ಮಾರ್ಚಿನಲ್ಲಿ ಪ್ರಯೋಗಕ್ಕೆಂದು 37 ಬಸ್ಸು-ಲಾರಿ, 9 ಇಂಧನ ಕೇಂದ್ರಗಳಿಗೆ ಒಪ್ಪಿಗೆ ಕೊಟ್ಟಿತು. ಆರಿಸಿದ 10 ಮಾರ್ಗಗಳಲ್ಲಿ ಒಂದೂ ಕರ್ನಾಟಕದ್ದಲ್ಲ. ಇಲ್ಲಿಗೆ ಬಂದರೂ ಮೊದಲ ಪಂಪು ಹೊಸಪೇಟೆ ಹೆದ್ದಾರಿಯ ಲಾರಿಗಳಿಗೇ ಆದೀತೆಂಬುದು ನನ್ನ ಅಂದಾಜು. ಇನ್ನೊಂದು ಬದಲಿ ಇಂಧನ ಎಥೆನಾಲಿಗಾದರೆ ತುಂಬಿಸುವ ಈ ಗೋಳಿಲ್ಲ. ಹರಪನಹಳ್ಳಿ ಸೀಮೆಯ ಮೆಕ್ಕೆಜೋಳದಿಂದಲೂ ಅದನ್ನು ತೆಗೆಯಬಹುದು, ಪೆಟ್ರೋಲಿನಲ್ಲಿ ಬೆರೆತು ಅದು ಆಗಲೇ ನಿಮ್ಮ ಬೈಕಿನ ಟ್ಯಾಂಕು ಸೇರಿದೆ.