ಪೋಸ್ಟರ್ ಬರೆದ ಕೈಗೆ ಚಿನ್ನದ ಕರಡಿ!

ಕಥೆಯಿಲ್ಲ, ನಾಯಕ-ನಾಯಕಿಯರಿಲ್ಲ, ಹಾಡಿಲ್ಲ, ಫೈಟಿಲ್ಲ. ಇರೋದು ಒಂದು ಕೊಡೆ, ಒಂದು ಲಾಟೀನು, ಒಂದು ಜೋಡು, ಒಂದು ಹಸು! ಇಂಥಾ ಚಿತ್ರಕ್ಕೆ ಯಾರು ಟಿಕೆಟ್ ತಗೋತಾರೆ ಅಂತೀರಾ? 1967ರಲ್ಲಿ ಬರ್ಲಿನ್ ಚಿತ್ರೋತ್ಸವ ಇದಕ್ಕೇ ಕಿರುಚಿತ್ರದ ಚಿನ್ನದ ಕರಡಿ ಕೊಟ್ಟಿತು. ನಮ್ಮಲ್ಲೂ ಪ್ರಯೋಗಾತ್ಮಕ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಬಂತು.

ಚಿತ್ರದ ಹೆಸರು ‘ಥ್ರೂ ದ ಐಸ್ ಆಫ್ ಎ ಪೇಂಟರ್’. ಮಾಡಿದವರು ಎಂ.ಎಫ್. ಹುಸೇನ್. 1915ರಲ್ಲಿ ಪಂಢರಪುರದಲ್ಲಿ ಹುಟ್ಟಿ, ಬೊಂಬಾಯಿಗೆ ಬಂದು, ಸಿನಿಮಾ ಹೋರ್ಡಿಂಗ್ ಬರೆದು ಹೊಟ್ಟೆ ಹೊರೆದ ಮನುಷ್ಯ!

ದುಡ್ಡು ಹಾಕಿದ್ದು ಸರ್ಕಾರದ ಫಿಲಂಸ್ ಡಿವಿಷನ್. ಆಗ ಥಿಯೇಟರುಗಳಲ್ಲಿ ಮುಖ್ಯ ಚಿತ್ರಕ್ಕೆ ಮುಂಚೆ ಅವರ ರೀಲು ಕಡ್ಡಾಯ. ಅಣೆಕಟ್ಟು, ಗೊಬ್ಬರ, ಕುಟುಂಬ ಯೋಜನೆ... ಜನ ಬೀಡಿ ಸೇದೋಕೆ ಹೊರಗೆ ಹೋಗೋ ಹೊತ್ತು ಅದು. ಜೀನ್ ಭಾವನಗರಿ ಅಲ್ಲಿ ಸಲಹೆಗಾರರಾಗಿದ್ದ ಕಾಲದಲ್ಲಿ ಮಾತ್ರ ಹೊಸತನಕ್ಕೆ ಬಾಗಿಲು ತೆರೆಯಿತು.

ಹುಸೇನ್ ಕ್ಯಾಮೆರಾ ಹಿಡಿಸಿಕೊಂಡು ರಾಜಸ್ಥಾನಕ್ಕೆ ಹೋದರು. ಶುರುವಿನಲ್ಲಿ ಅವರದೇ ನಾಲ್ಕು ಮಾತು. ಆಮೇಲೆ ವಿಜಯರಾಘವ ರಾವ್ ಸಂಗೀತ ಅಷ್ಟೇ. ಕಪ್ಪು-ಬಿಳುಪಿನಲ್ಲಿ ಕೋಟೆ ಗೋಡೆ, ಓಣಿ, ಮುಖಗಳು. ನಡುನಡುವೆ ಅದೇ ಕೊಡೆ, ಅದೇ ಲಾಟೀನು!

ನಾನು ಮೊಬೈಲಿನಲ್ಲೇ ನೋಡಿದೆ. ಮೊದಲನೇ ಸಲ ಏನೂ ತಿಳೀಲಿಲ್ಲ. ಎರಡನೇ ಸಲಕ್ಕೆ ಹೊಳೆಯಿತು: ಮೂರು ಗಂಟೆ ಕಥೆಯನ್ನ ಬಸ್ಸಿನ ಕಿಟಕಿಯಿಂದ ಕಾಣೋ ಒಂದೇ ನೋಟಕ್ಕೆ ಇಳಿಸೋದು ಹೋರ್ಡಿಂಗ್ ಕಲಾವಿದನ ಕಸುಬು. ಇಲ್ಲಿ ಹುಸೇನ್ ಕಥೆಯನ್ನೇ ಬಿಟ್ಟು ನೋಟವನ್ನಷ್ಟೇ ಉಳಿಸಿದ್ದಾರೆ. ಅರ್ಥ ಹೇಳೋ ಕಾಮೆಂಟರಿ ಇಲ್ಲದ್ದರಿಂದ ನೋಡುವ ಕೆಲಸ ನಮ್ಮ ಪಾಲಿಗೆ ಬೀಳುತ್ತೆ.

ಅವರು ಸಿನಿಮಾ ಹುಚ್ಚು ಬಿಡಲೇ ಇಲ್ಲ. ಮಾಧುರಿ ದೀಕ್ಷಿತ್‌ಗಾಗಿ ‘ಗಜಗಾಮಿನಿ’ (2000), ತಬುಗಾಗಿ ‘ಮೀನಾಕ್ಷಿ’ (2004) ಮಾಡಿದರು. ‘ಮೀನಾಕ್ಷಿ’ಯ ಹಾಡೊಂದಕ್ಕೆ ಆಕ್ಷೇಪ ಬಂದಾಗ ಚಿತ್ರವನ್ನೇ ಥಿಯೇಟರಿನಿಂದ ಹಿಂತೆಗೆದರು. ದೇವತೆಗಳ ಚಿತ್ರಗಳ ಮೇಲೆ ಕೇಸುಗಳು ಬಿದ್ದವು. 2006ರಲ್ಲಿ ದೇಶ ಬಿಟ್ಟರು, 2010ರಲ್ಲಿ ಕತಾರ್ ಪ್ರಜೆಯಾದರು, 2011ರ ಜೂನ್ 9ರಂದು ಲಂಡನ್ನಿನಲ್ಲಿ ಕಣ್ಣುಮುಚ್ಚಿದರು.

ಅವರ ವಿಷಯದಲ್ಲಿ ಜಗಳ ಆಡಿದವರು ಲಕ್ಷ ಮಂದಿ. ಈ ಚಿತ್ರ ನೋಡಿದವರು ಎಷ್ಟು ಮಂದಿಯೋ! ಇಪ್ಪತ್ತು ನಿಮಿಷವೂ ಹಿಡಿಯೋದಿಲ್ಲ. ಚಿತ್ರರಸಿಕರೇ, ಬಸ್ಸು ತಡವಾದರೆ ಒಮ್ಮೆ ನೋಡಿ. ಕೊಡೆಗೆ ಏನರ್ಥ ಅಂತ ಮಾತ್ರ ಯಾರನ್ನೂ ಕೇಳಬೇಡಿ!