‘ಆಗುತ್ತ ಬಂದಿದೆ’ಯಿಂದ ‘ಆಗಲೇಬೇಕು’ ತನಕ: ಮುಳಬಾಗಿಲು ಮರೆತ ತರ್ಕ

ಮುಳಬಾಗಿಲಿನ ನರಸಿಂಹತೀರ್ಥಕ್ಕೆ ಬರುವವರು ಶ್ರೀಪಾದರಾಜರ ವೃಂದಾವನಕ್ಕೆ ಕೈಮುಗಿದು, ರಂಗವಿಠಲ ಅಂಕಿತದ ಒಂದೆರಡು ಪದ ಕೇಳಿಕೊಂಡು ಹಿಂದಿರುಗುತ್ತಾರೆ. ದಾಸಸಾಹಿತ್ಯಕ್ಕೆ ತಳಪಾಯ ಹಾಕಿದವರೆಂದು ಅವರನ್ನು ನೆನೆಯುವುದು ಸರಿಯೇ. ಆದರೆ ಜಯತೀರ್ಥರ ‘ನ್ಯಾಯಸುಧಾ’ಕ್ಕೆ ‘ವಾಗ್ವಜ್ರ’ವೆಂಬ ವ್ಯಾಖ್ಯಾನ ಬರೆದ ಪಂಡಿತರೂ ಅವರೇ. ಬನ್ನೂರಿನಲ್ಲಿ ಹುಟ್ಟಿ, ಕಂಚಿಯಲ್ಲಿ ಓದಿ ಬಂದ ಯುವಯತಿಯೊಬ್ಬರನ್ನು ಎದುರಿಗೆ ಕೂರಿಸಿಕೊಂಡು ಶಾಸ್ತ್ರಪಾಠ ಹೇಳಿದವರೂ ಅವರೇ. ಆ ಶಿಷ್ಯರು ವ್ಯಾಸತೀರ್ಥರು. ಅವರು ಮುಂದೆ ಚಂದ್ರಗಿರಿಯ ಸಾಳುವ ನರಸಿಂಹನ ಆಸ್ಥಾನಕ್ಕೂ ಅಲ್ಲಿಂದ ವಿಜಯನಗರಕ್ಕೂ ಹೋದದ್ದು, 1539ರಲ್ಲಿ ತೀರಿಕೊಂಡು ಆನೆಗುಂದಿಯ ನವವೃಂದಾವನದಲ್ಲಿ ನೆಲೆಗೊಂಡದ್ದು ಚರಿತ್ರೆಯ ಪುಸ್ತಕಗಳಲ್ಲಿದೆ. ಆದರೆ ಅವರ ‘ತರ್ಕತಾಂಡವ’ದಲ್ಲಿರುವ ಒಂದು ವಾದ ಪಂಡಿತರ ವಲಯ ದಾಟಿ ಹೊರಗೆ ಬರಲೇ ಇಲ್ಲ. ಒಂದರಿಂದ ಇನ್ನೊಂದನ್ನು ಊಹಿಸುವಾಗ ಅವೆರಡನ್ನು ಕಟ್ಟಿಹಾಕುವ ಗಂಟು ಯಾವುದು? ಎರಡೂ ಯಾವಾಗಲೂ ಜೊತೆಯಾಗಿ ಕಂಡುಬಂದಿವೆ ಎಂಬುದೇ? ಅಥವಾ ಒಂದಿಲ್ಲದೆ ಇನ್ನೊಂದು ಇರುವುದು ಅಸಾಧ್ಯ ಎಂಬುದೇ?

ಇದೇ ಪ್ರಶ್ನೆಗೆ ಗ್ರೀಕರು ಕ್ರಿ.ಪೂ. 300ರ ಆಸುಪಾಸಿನಲ್ಲಿ ಜಗಳವಾಡಿದ್ದರು. ನಾಳೆ ನೌಕಾಯುದ್ಧ ನಡೆಯುತ್ತದೆ ಎಂಬ ಮಾತು ಇಂದೇ ನಿಜವಾಗಿದ್ದರೆ, ಯುದ್ಧ ತಪ್ಪಿಸಲಾಗದ್ದೇ ಎಂದು ಅರಿಸ್ಟಾಟಲ್ ಆಗಲೇ ಕೇಳಿದ್ದ. ಅವನ ನಂತರ ಬಂದ ಡಯೊಡೊರಸ್ ಕ್ರೋನಸ್, ಈಗ ಇರುವುದು ಅಥವಾ ಮುಂದೆ ಆಗುವುದು ಮಾತ್ರ ಸಾಧ್ಯ, ಎಂದೂ ಆಗದಿರುವುದು ಸಾಧ್ಯವೇ ಅಲ್ಲ ಎಂದು ಹಟ ಹಿಡಿದ. ‘ಹೀಗಿದ್ದರೆ ಹಾಗೆ’ ಎಂಬ ವಾಕ್ಯ ಯಾವಾಗ ನಿಜ ಎಂಬುದರ ಬಗ್ಗೆ ಅವನಿಗೂ ಅವನ ಶಿಷ್ಯ ಫೈಲೊನಿಗೂ ಹೊಂದಿಕೆಯಾಗಲಿಲ್ಲ. ಮೊದಲ ಮಾತು ನಿಜ, ಎರಡನೆಯದು ಸುಳ್ಳು ಎಂಬ ಸ್ಥಿತಿ ಸದ್ಯಕ್ಕೆ ಇಲ್ಲದಿದ್ದರೆ ಸಾಕು ಎಂದ ಫೈಲೊ. ಅವನ ಲೆಕ್ಕದಲ್ಲಿ, ಹಗಲು ಹೊತ್ತಿನಲ್ಲಿ ನಾನು ಮಾತಾಡುತ್ತಿರುವಷ್ಟು ಕಾಲ ‘ಹಗಲಾಗಿದ್ದರೆ ನಾನು ಮಾತಾಡುತ್ತಿದ್ದೇನೆ’ ಎಂಬುದು ಸರಿಯಾದ ವಾಕ್ಯ. ಅಂಥ ಸ್ಥಿತಿ ಹಿಂದೆಯೂ ಸಾಧ್ಯವಿರಬಾರದು, ಈಗಲೂ ಸಾಧ್ಯವಿರಬಾರದು ಎಂದ ಗುರು. ಸ್ಟೋಯಿಕ್ ಪಂಥದ ಕ್ರಿಸಿಪ್ಪಸನದೆಂದು ಹೇಳುವ ಮೂರನೆಯ ಮತ ಇನ್ನೂ ಬಿಗಿ: ಎರಡನೆಯದನ್ನು ಅಲ್ಲಗಳೆದರೆ ಅದು ಮೊದಲನೆಯದರೊಂದಿಗೆ ಘರ್ಷಣೆಗೆ ಬೀಳಬೇಕು. ಬರಿಯ ಜೊತೆ, ಎಂದೂ ತಪ್ಪದ ಜೊತೆ, ತಪ್ಪಲಾಗದ ಜೊತೆ ಎಂಬ ಮೂರು ಮೆಟ್ಟಿಲು ಹೀಗೆ ಏರ್ಪಟ್ಟವು.

ನಮ್ಮ ತರ್ಕ ಈ ಮೂರನೆಯ ಮೆಟ್ಟಿಲನ್ನು ಹತ್ತಲಿಲ್ಲ ಎಂಬ ಮಾತು ಬಹುಕಾಲದಿಂದ ಚಾಲ್ತಿಯಲ್ಲಿದೆ. ಬರಿಯ ಸಾಧ್ಯತೆ, ತಾರ್ಕಿಕ ಅನಿವಾರ್ಯತೆ ಎಂಬ ಕಲ್ಪನೆಗಳು ಭಾರತೀಯ ದರ್ಶನಗಳಲ್ಲಿ ಏಕೆ ಬೆಳೆಯಲಿಲ್ಲ ಎಂದು ಜೆ.ಎನ್. ಮೊಹಂತಿಯವರಂಥ ದೊಡ್ಡ ವಿದ್ವಾಂಸರೇ ಕೇಳಿದ್ದಾರೆ. ಒಟ್ಟು ಚಿತ್ರಕ್ಕೆ ಈ ಪ್ರಶ್ನೆ ನ್ಯಾಯವಾದುದೇ ಇರಬಹುದು. ಆದರೆ ಕನ್ನಡ ನಾಡಿನ ಸಾಕ್ಷ್ಯ ಅದಕ್ಕೆ ಅಡ್ಡ ನಿಲ್ಲುತ್ತದೆ. ಹೇತುವಿಗೆ, ಅಂದರೆ ಊಹೆಗೆ ಆಧಾರವಾಗುವ ಗುರುತಿಗೆ, ಮೂರು ಲಕ್ಷಣಗಳಿದ್ದರೆ ಸಾಕು ಎಂದು ಬೌದ್ಧ ತಾರ್ಕಿಕರು ಹೇಳುತ್ತಿದ್ದರು: ಊಹೆ ಯಾವುದರ ಬಗ್ಗೆಯೋ ಆ ಪಕ್ಷದಲ್ಲಿ ಹೇತು ಇರಬೇಕು, ಅಂಥದೇ ಇತರ ಕಡೆಗಳಲ್ಲಿ ಕಂಡಿರಬೇಕು, ವಿರುದ್ಧವಾದ ಕಡೆ ಕಾಣದಿರಬೇಕು. ಜೈನರು ಇದಕ್ಕೆ ಒಂದು ಉದಾಹರಣೆ ಮುಂದಿಟ್ಟರು. ಒಬ್ಬಾಕೆಯ ಮಕ್ಕಳೆಲ್ಲ ಕಪ್ಪು. ಗರ್ಭದಲ್ಲಿರುವ ಮಗುವೂ ಅವಳದೇ. ಆದ್ದರಿಂದ ಅದೂ ಕಪ್ಪು. ಮೂರು ಲಕ್ಷಣವೂ ಕೂಡಿಬಂದಿವೆ, ಆದರೂ ಮಗು ಕೆಂಪಗೆ ಹುಟ್ಟಬಹುದು. ಹಾಗಾದರೆ ಇಲ್ಲಿ ಇಲ್ಲದಿರುವುದೇನು? ‘ಬೇರೆ ರೀತಿಯಲ್ಲಿ ಆಗಲು ಸಾಧ್ಯವಿಲ್ಲ’ ಎಂಬ ಗುಣ. ಹೇತುವಿಗೆ ಅದೊಂದೇ ಸಾಕು ಎಂಬುದು ಜೈನ ತಾರ್ಕಿಕ ಪಾತ್ರಕೇಸರಿಯ ತೀರ್ಮಾನ. ಬೌದ್ಧರ ಮೂರು ಲಕ್ಷಣಗಳನ್ನು ಅವನು ಖಂಡಿಸಿದ್ದನ್ನು ಶ್ರವಣಬೆಳಗೊಳದ ಚಿಕ್ಕಬೆಟ್ಟದಲ್ಲಿರುವ 1129ರ ಮಲ್ಲಿಷೇಣ ಪ್ರಶಸ್ತಿ ಎಂಬ ಶಾಸನ ಕೊಂಡಾಡುತ್ತದೆ. ಕುವಳಾಲಪುರ, ಅಂದರೆ ಇಂದಿನ ಕೋಲಾರವನ್ನು ತಮ್ಮ ಬಿರುದಿನಲ್ಲೇ ಹೊತ್ತ ಗಂಗರ ನಾಡಿನಲ್ಲಿ ಜೈನ ತರ್ಕಕ್ಕೆ ಆಶ್ರಯವಿತ್ತು. ‘ಅಷ್ಟಸಹಸ್ರೀ’ ಬರೆದ ವಿದ್ಯಾನಂದ ಗಂಗರ ಕಾಲದವನೆಂದು ವಿದ್ವಾಂಸರು ಗುರುತಿಸುತ್ತಾರೆ.

ಮುಳಬಾಗಿಲಿಗೆ ವಾದದ ಊರೆಂಬ ಹೆಸರು ವ್ಯಾಸತೀರ್ಥರಿಗಿಂತ ಮೊದಲೇ ಇತ್ತು. ಜಯತೀರ್ಥರ ಗುರು ಅಕ್ಷೋಭ್ಯತೀರ್ಥರು ಇಲ್ಲಿ ಅದ್ವೈತಿ ವಿದ್ಯಾರಣ್ಯರನ್ನು ವಾದದಲ್ಲಿ ಗೆದ್ದರು, ವೇದಾಂತದೇಶಿಕರು ತೀರ್ಪು ಕೊಟ್ಟರು ಎನ್ನುತ್ತದೆ ಮಾಧ್ವ ಪರಂಪರೆ, ಅದ್ವೈತಿಗಳು ಒಪ್ಪುವುದಿಲ್ಲ. ಸೋಲು ಗೆಲುವಿನ ಈ ಕಥೆಗೆ ಸಿಕ್ಕಿರುವ ಪ್ರಚಾರದಲ್ಲಿ ನೂರರಲ್ಲೊಂದು ಪಾಲೂ ‘ತರ್ಕತಾಂಡವ’ದ ವ್ಯಾಪ್ತಿವಾದಕ್ಕೆ, ಅಂದರೆ ಊಹೆಯ ಆ ಗಂಟಿನ ಚರ್ಚೆಗೆ, ಸಿಕ್ಕಿಲ್ಲ ಎಂಬುದು ಬೇಸರದ ಸಂಗತಿ. ಮಿಥಿಲೆಯ ಗಂಗೇಶ ತನ್ನ ‘ತತ್ತ್ವಚಿಂತಾಮಣಿ’ಯಲ್ಲಿ ವ್ಯಾಪ್ತಿಯ ಹಲವಾರು ಲಕ್ಷಣಗಳನ್ನು ಜರಡಿ ಹಿಡಿದು, ಹೇತು ಮತ್ತು ಸಾಧ್ಯ (ಅಂದರೆ ಊಹಿಸಬೇಕಾದ ಸಂಗತಿ) ಒಂದೇ ಕಡೆ ಇರಬೇಕೆಂಬುದನ್ನು ಉಳಿಸಿಕೊಂಡಿದ್ದ. ವ್ಯಾಸತೀರ್ಥರ ಪಂಥದವರಾದ ಮಾಧ್ವರು ಅದನ್ನು ಒಪ್ಪಲಿಲ್ಲ. ಕೆಳಗೆ ಹೊಳೆ ಉಕ್ಕಿದ್ದನ್ನು ಕಂಡು ಮೇಲೆ ಮಳೆಯಾಗಿದೆ ಎನ್ನುತ್ತೇವೆ. ಹೊಳೆ ಇರುವುದು ಒಂದು ಕಡೆ, ಮಳೆ ಬಿದ್ದದ್ದು ಇನ್ನೊಂದು ಕಡೆ. ಆದ್ದರಿಂದ ಒಂದೇ ಜಾಗದಲ್ಲಿರುವುದು ಮುಖ್ಯವಲ್ಲ. ತನಗೆ ಸಂಬಂಧಿಸಿದ ದೇಶಕಾಲದಲ್ಲಿ ಒಂದಿಲ್ಲದೆ ಇನ್ನೊಂದು ಹೊಂದದು ಎಂಬ ಅನುಪಪತ್ತಿಯೇ ವ್ಯಾಪ್ತಿಯ ಜೀವ ಎಂದು ವ್ಯಾಸತೀರ್ಥರು ನಿಲುವು ತಳೆದರು. ಮತ್ತೆ ಮತ್ತೆ ಜೊತೆಯಲ್ಲಿ ನೋಡುವುದು ಆ ಗಂಟನ್ನು ಗುರುತಿಸಲು ನೆರವಾಗುತ್ತದೆ, ಅದೇ ಗಂಟಲ್ಲ.

ಈ ವ್ಯತ್ಯಾಸ ಎಷ್ಟು ದೊಡ್ಡದೆಂದು ಕೋಲಾರದ ಕೆರೆಗಳೇ ತೋರಿಸಿಕೊಟ್ಟಿವೆ. ಶಾಶ್ವತ ನದಿಯಿಲ್ಲದ ಈ ಸೀಮೆಯಲ್ಲಿ ಮೇಲಿನ ಕೆರೆ ಕೋಡಿ ಬಿದ್ದರೆ ಕೆಳಗಿನ ಕೆರೆ ತುಂಬುತ್ತದೆ. ಕೆರೆ ತುಂಬಿದೆ, ಹಾಗಾದರೆ ಮೇಲೆ ಮಳೆಯಾಗಿದೆ ಎಂಬುದು ತಲೆಮಾರುಗಳ ಕಾಲ ತಪ್ಪದ ಲೆಕ್ಕ. 2018ರಲ್ಲಿ ಕೆ.ಸಿ. ವ್ಯಾಲಿ ಯೋಜನೆಯ ನೀರು, ಅಂದರೆ ಬೆಂಗಳೂರಿನ ಸಂಸ್ಕರಿಸಿದ ಕೊಳಚೆ ನೀರು, ಲಕ್ಷ್ಮೀಸಾಗರ ಕೆರೆಗೆ ಬಂದು ಸೇರಿದಾಗ ಆ ಲೆಕ್ಕ ಬಿತ್ತು. ಹನಿ ಮಳೆಯಿಲ್ಲದೆಯೂ ಕೆರೆ ತುಂಬುತ್ತದೆ. ಎಂದೂ ತಪ್ಪದಿದ್ದದ್ದು ತಪ್ಪಲಾಗದ್ದಾಗಿರಲಿಲ್ಲ. ಹೊಳೆಯ ಉದಾಹರಣೆಯೂ ಹೀಗೇ ಬೀಳುವುದಿಲ್ಲವೇ ಎಂದು ಕೇಳಬಹುದು. ಅಡ್ಡಗಟ್ಟಿದರೂ ನೀರು ಉಕ್ಕುತ್ತದಲ್ಲ ಎಂಬ ಆಕ್ಷೇಪ ನ್ಯಾಯಸೂತ್ರದಲ್ಲೇ ಇದೆ. ಬರಿಯ ನೀರಲ್ಲ, ರಭಸ, ನೊರೆ, ತೇಲಿಬರುವ ಎಲೆ ಕಟ್ಟಿಗೆಗಳಿರುವ ಪ್ರವಾಹವನ್ನೇ ಹೇತುವೆನ್ನಬೇಕು ಎಂದು ಸೂತ್ರದ ಭಾಷ್ಯಕಾರ ವಾತ್ಸ್ಯಾಯನ ಅದಕ್ಕೆ ಉತ್ತರಿಸಿದ್ದ. ಅಸಾಧ್ಯತೆ ಸಿಗುವ ತನಕ ಹೇತುವನ್ನು ಬಿಗಿ ಮಾಡುತ್ತ ಹೋಗಬೇಕೆಂಬುದೇ ಅದರ ಪಾಠ.

ದೇಶಕಾಲಕ್ಕೆ ಕಟ್ಟಿದ ಅಸಾಧ್ಯತೆ ತಾರ್ಕಿಕ ಅನಿವಾರ್ಯತೆ ಹೇಗಾಗುತ್ತದೆ ಎಂಬುದು ಇನ್ನೊಂದು ಆಕ್ಷೇಪ. ಡಯೊಡೊರಸನ ಸಾಧ್ಯತೆಯೂ ಕಾಲಕ್ಕೇ ಕಟ್ಟಿದ್ದು. ಅವನಿಗೆ ಸಲ್ಲುವ ಗೌರವ ವ್ಯಾಸತೀರ್ಥರಿಗೂ ಸಲ್ಲಬೇಕು. ಈ ಕಲ್ಪನೆ ಜೈನರಿಂದ ಎರವಲು ಬಂದದ್ದಲ್ಲವೇ ಎನ್ನುವವರೂ ಇದ್ದಾರು. ಹಗಲು ಉಣ್ಣದ ದೇವದತ್ತ ದಪ್ಪಗಿದ್ದರೆ ರಾತ್ರಿ ಉಂಡಿರಲೇಬೇಕು ಎಂಬ ಮೀಮಾಂಸಕರ ಅರ್ಥಾಪತ್ತಿಯನ್ನು ಮಾಧ್ವರು ಅನುಮಾನದೊಳಗೇ, ಅಂದರೆ ಹೇತುವಿನಿಂದ ಮಾಡುವ ಊಹೆಯೊಳಗೇ, ಸೇರಿಸಿಕೊಂಡಿದ್ದರು. ಆ ದಾರಿಯಿಂದಲೂ ಅನುಪಪತ್ತಿ ಒಳಗೆ ಬಂದಿರಬಹುದು. ಎರಡು ಬೇರೆ ಮತಗಳು ಒಂದೇ ನೆಲದಲ್ಲಿ ಒಂದೇ ನಿರ್ಣಯಕ್ಕೆ ಬಂದದ್ದು ಆ ನಿರ್ಣಯದ ಬಲವನ್ನು ಹೆಚ್ಚಿಸುತ್ತದೆಯೇ ಹೊರತು ಕುಗ್ಗಿಸುವುದಿಲ್ಲ. ಅನಿವಾರ್ಯ, ಸಾಧ್ಯ ಎಂಬ ವಾಕ್ಯಗಳನ್ನು ಬೆರೆಸಿ ಅರಿಸ್ಟಾಟಲ್ ಕಟ್ಟಿದಂಥ ನಿಯಮಗಳ ವ್ಯವಸ್ಥೆ ಇಲ್ಲಿ ಬೆಳೆಯಲಿಲ್ಲ ಎಂಬುದು ನಿಜ, ಅದನ್ನು ಒಪ್ಪೋಣ. ಆದರೆ ವ್ಯವಸ್ಥೆ ಇಲ್ಲವೆಂಬುದಕ್ಕೂ ಕಲ್ಪನೆಯೇ ಇಲ್ಲವೆಂಬುದಕ್ಕೂ ಬಹಳ ಅಂತರವಿದೆ.

‘ತರ್ಕತಾಂಡವ’ವನ್ನು ರಾಘವೇಂದ್ರತೀರ್ಥರ ‘ನ್ಯಾಯದೀಪ’ ವ್ಯಾಖ್ಯಾನದೊಂದಿಗೆ ಮೈಸೂರಿನ ಪ್ರಾಚ್ಯ ಗ್ರಂಥಾಲಯ ಕಳೆದ ಶತಮಾನದಲ್ಲೇ ಅಚ್ಚು ಹಾಕಿತು. ನಮ್ಮ ಪಿಯುಸಿಯಲ್ಲಿ ತರ್ಕಶಾಸ್ತ್ರ ಒಂದು ಐಚ್ಛಿಕ ವಿಷಯವಾಗಿದೆ. ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರದ ಮಕ್ಕಳು ಅರಿಸ್ಟಾಟಲನನ್ನು ಓದಲಿ, ಚೆನ್ನಾಗಿ ಓದಲಿ. ಅದರ ಪಕ್ಕದಲ್ಲೇ ವ್ಯಾಸತೀರ್ಥರ ವ್ಯಾಪ್ತಿವಾದದ ನಾಲ್ಕು ಪುಟವನ್ನು ತಿಳಿಗನ್ನಡದಲ್ಲಿ, ತಮ್ಮೂರ ಕೆರೆಯ ಉದಾಹರಣೆಯೊಂದಿಗೆ ಓದಲಿ. ಇದನ್ನು ಮಾಡಿಕೊಡಬಲ್ಲ ಅಧ್ಯಾಪಕರೂ ಸಂಸ್ಕೃತ ಪಂಡಿತರೂ ನಮ್ಮ ನಡುವೆ ಇದ್ದಾರೆ. ಅವರು ಒಟ್ಟಿಗೆ ಕೂತು ಈ ಕೆಲಸಕ್ಕೆ ಕೈಹಾಕಬೇಕು.